ಎಲ್ಲಿಗೂ ಹೋಗದ ಸೈಕಲ್ಲು

ನಾನು ಜೀವನದಲ್ಲಿ ಮೊದಲು ತುಳಿದ ಸೈಕಲ್ಲು ಎಲ್ಲಿಗೂ ಹೋಗುತ್ತಿರಲಿಲ್ಲ. ಶ್ರೀನಿವಾಸಪುರ ತಾಲ್ಲೂಕಿನ ನಮ್ಮೂರಿನಲ್ಲಿ ಅಪ್ಪನ ಸೈಕಲ್ಲು ಮಾವಿನ ಮರದ ಕೆಳಗೆ ಸ್ಟ್ಯಾಂಡ್ ಹಾಕಿಕೊಂಡು ನಿಂತಿರುತ್ತಿತ್ತು. ಹಿಂದಿನ ಚಕ್ರ ನೆಲದಿಂದ ನಾಲ್ಕು ಬೆರಳು ಮೇಲೆ. ಹೆಣ್ಣುಮಕ್ಕಳು ಅದನ್ನು ರಸ್ತೆಗೆ ಇಳಿಸುವಂತಿರಲಿಲ್ಲ. ಹಾಗಾಗಿ ಅಕ್ಕ ಮತ್ತು ನಾನು ಸರದಿಯ ಮೇಲೆ ಹತ್ತಿ, ನಿಂತಲ್ಲೇ ತುಳಿಯುತ್ತಿದ್ದೆವು. ಒಳಗೆ ರೇಡಿಯೊದಲ್ಲಿ ಚಿತ್ರಗೀತೆ ಶುರುವಾಯಿತೆಂದರೆ ನಮ್ಮ ಕಾಲಿಗೆ ರೆಕ್ಕೆ ಬರುತ್ತಿತ್ತು. ಅಪ್ಪ ಬಾಗಿಲಲ್ಲಿ ನಿಂತು, "ಏನ್ರಮ್ಮಾ, ಎಲ್ಲಿವರೆಗೂ ಹೋದ್ರಿ?" ಎಂದು ಕೇಳಿದರೆ, ಇಬ್ಬರೂ ಒಟ್ಟಿಗೆ "ಮುಳಬಾಗಿಲಿಗೆ!" ಎಂದು ಕೂಗುತ್ತಿದ್ದೆವು. ಅಲ್ಲಿನ ದೋಸೆಯ ಆಸೆ ನಮಗೆ.

ಒಂದು ದಿನ ಅಕ್ಕನ ಲಂಗ ಚೈನಿಗೆ ಸಿಕ್ಕಿ ಹರಿಯಿತು. ಅಲ್ಲಿಗೆ ನಮ್ಮ ಮುಳಬಾಗಿಲು ಪ್ರಯಾಣ ಮುಗಿಯಿತು. ಮತ್ತೆ ಇಂಥ ಸೈಕಲ್ಲನ್ನು ನಾನು ತುಳಿದದ್ದು ಐವತ್ತು ವರ್ಷದ ಮೇಲೆ, ಕೋಲಾರದ ಒಂದು ಮಹಡಿಯ ಮೇಲಿನ ಕೋಣೆಯಲ್ಲಿ.

ಮಾಲೂರು, ಮುಳಬಾಗಿಲು ತಾಲ್ಲೂಕುಗಳ ಶಾಲೆಗಳಲ್ಲಿ ಮೂವತ್ತು ವರ್ಷ ನಿಂತು ಪಾಠ ಮಾಡಿದ ಮೊಣಕಾಲು, ನಿವೃತ್ತಿಯಾದ ಮೇಲೆ ಲೆಕ್ಕ ಕೇಳತೊಡಗಿತು. ಜೊತೆಗೆ ಸಕ್ಕರೆ ಕಾಯಿಲೆ. ಡಾಕ್ಟರು, "ನಡೆದರೆ ನೋವು ಅಂತೀರಿ, ಹಾಗಾದರೆ ಸೈಕಲ್ ತುಳಿಯಿರಿ. ಮೈಭಾರ ಸೀಟಿನ ಮೇಲಿರುತ್ತೆ, ಮೊಣಕಾಲಿನ ಮೇಲೆ ಬೀಳೋದು ಕಡಿಮೆ" ಎಂದರು. ಹೇಳುವುದು ಸುಲಭ. ಟೊಮ್ಯಾಟೊ ಲಾರಿಗಳು ಓಡುವ ನಮ್ಮ ರಸ್ತೆಯಲ್ಲಿ ಈ ವಯಸ್ಸಿನಲ್ಲಿ ಸೈಕಲ್ ಹತ್ತಿದರೆ ಮೊಣಕಾಲಿನ ಚಿಂತೆಯೇ ಇರುವುದಿಲ್ಲ, ಬೇರೆ ಚಿಂತೆ ಶುರುವಾಗುತ್ತದೆ.

ಸೊಸೆ ದಾರಿ ಹುಡುಕಿದಳು. ಅವಳು ಮುಳಬಾಗಿಲು ಕಡೆಯವಳು. 2006-07ರಲ್ಲಿ ಸರ್ಕಾರ ಎಂಟನೇ ತರಗತಿ ಮಕ್ಕಳಿಗೆ ಸೈಕಲ್ ಕೊಡಲು ಶುರು ಮಾಡಿದಾಗ ಮೊದಲ ವರ್ಷವೇ ಪಡೆದು, ಊರಿಂದ ಹೈಸ್ಕೂಲಿಗೆ ತುಳಿದವಳು. ಈಗ ನರಸಾಪುರದಲ್ಲಿ ಕೆಲಸ. "ಅತ್ತೆ, ಸಂಜೆ ನಾನು ಹೋಗೋ ಜಿಮ್ಮಲ್ಲಿ ಸೈಕಲ್ ಕ್ಲಾಸ್ ಇದೆ. ಎಲ್ಲರೂ ಒಟ್ಟಿಗೆ ಹಾಡು ಹಾಕ್ಕೊಂಡು ತುಳಿಯೋದು. ನೀವೂ ಬನ್ನಿ" ಎಂದಳು. ನಾಲ್ಕನೇ ತರಗತಿಯ ಮೊಮ್ಮಗಳು, "ಅಜ್ಜಿ ಜಿಮ್ಮಿಗಾ!" ಎಂದು ಬಿದ್ದು ಬಿದ್ದು ನಕ್ಕಳು. ಅವಳ ನಗುವಿಗೆ ಉತ್ತರ ಕೊಡಬೇಕೆಂದೇ ಹೊರಟೆ.

ಕೋಣೆಯಲ್ಲಿ ಎಂಟು ಸೈಕಲ್ಲು, ಎರಡು ಸಾಲು. ಎದುರಿಗೆ ಒಂದು, ಹೇಳಿಕೊಡುವವನಿಗೆ. ದೀಪ ಮಂದ ಮಾಡಿ ಹಾಡು ಹಾಕಿದ. ಗೋಡೆ ಅದುರಿತು. ನನ್ನ ಎದೆಯೂ ಅದುರಿತು. ಎರಡನೇ ಹಾಡಿನ ಹೊತ್ತಿಗೆ ನಾನು ಮೊಣಕಾಲನ್ನು ಮರೆತಿದ್ದೆ. ಮೂರನೆಯದರಲ್ಲಿ ವಯಸ್ಸನ್ನೂ ಮರೆತೆ. ಇಳಿದಾಗ ಮುಂದಿನ ಪುಟ್ಟ ಪರದೆ 8 ಕಿಲೋಮೀಟರ್ ಎಂದು ತೋರಿಸುತ್ತಿತ್ತು. ಮುಳಬಾಗಿಲು ಕೋಲಾರದಿಂದ ಸುಮಾರು 30 ಕಿಲೋಮೀಟರ್. ಇನ್ನೂ 22 ಉಳಿದಿದೆ ಎಂದುಕೊಂಡೆ.

ಈ ಕಸರತ್ತಿನ ಕಥೆ ಹಳೆಯದೇನಲ್ಲ. ದಕ್ಷಿಣ ಆಫ್ರಿಕಾದಲ್ಲಿ ಹುಟ್ಟಿ ಅಮೆರಿಕದ ಕ್ಯಾಲಿಫೋರ್ನಿಯಾದಲ್ಲಿ ನೆಲೆಸಿದ್ದ ಜಾನಿ ಗೋಲ್ಡ್‌ಬರ್ಗ್ ಎಂಬ ಸೈಕಲ್ ಸವಾರ, 1980ರ ದಶಕದಲ್ಲಿ ಅಮೆರಿಕವನ್ನು ಅಡ್ಡಲಾಗಿ ದಾಟುವ ಉದ್ದದ ಓಟವೊಂದಕ್ಕೆ ತಯಾರಾಗುತ್ತಿದ್ದರು. ರಸ್ತೆಗೆ ಇಳಿಯದೆ ಅಭ್ಯಾಸ ಮಾಡಲೆಂದು ಮನೆಯ ಗ್ಯಾರೇಜಿನಲ್ಲಿ ತಾವೇ ಒಂದು ನಿಂತ ಸೈಕಲ್ ಕಟ್ಟಿಕೊಂಡರು. ಗೆಳೆಯರು ಬಂದರು, ಹಾಡು ಬಂತು, ಅದಕ್ಕೆ 'ಸ್ಪಿನ್ನಿಂಗ್' ಎಂಬ ಹೆಸರೂ ಬಂತು. 1990ರ ದಶಕದಲ್ಲಿ ಶ್ವಿನ್ ಎಂಬ ಸೈಕಲ್ ಕಂಪನಿ ಅದನ್ನು ಮಾರುಕಟ್ಟೆಗೆ ತಂದಿತು. ಅಲ್ಲಿಂದ ಬೆಂಗಳೂರಿಗೆ, ಬೆಂಗಳೂರಿನಿಂದ ನಮ್ಮ ಊರುಗಳಿಗೆ.

ಮಕ್ಕಳೇ, ಈ ಸೈಕಲ್ಲಿಗೂ ನಿಮ್ಮ ಸೈಕಲ್ಲಿಗೂ ಒಂದು ದೊಡ್ಡ ವ್ಯತ್ಯಾಸವಿದೆ. ನಿಮ್ಮದರಲ್ಲಿ ಇಳಿಜಾರು ಬಂದರೆ ಕಾಲು ನಿಲ್ಲಿಸಿ ಕೂತುಕೊಳ್ಳಬಹುದು. ಚಕ್ರ ತನ್ನಷ್ಟಕ್ಕೆ ಟಿಕ್ ಟಿಕ್ ಎನ್ನುತ್ತ ಓಡುತ್ತದೆ. ಅದು ಫ್ರೀವೀಲಿನ ಸದ್ದು. ಈ ಬಗೆಯ ಹೆಚ್ಚಿನ ಸೈಕಲ್ಲುಗಳಲ್ಲಿ ಫ್ರೀವೀಲ್ ಇರುವುದಿಲ್ಲ. ಮುಂದೆ ಒಂದು ಭಾರದ ಕಬ್ಬಿಣದ ಚಕ್ರ. ಹಲವದರಲ್ಲಿ ಅದೇ 18ರಿಂದ 20 ಕಿಲೋ ತೂಗುತ್ತದೆ. ಅದು ತಿರುಗುವಷ್ಟು ಹೊತ್ತೂ ಪೆಡಲ್ ತಿರುಗುತ್ತದೆ. ನೀವು ಕಾಲು ನಿಲ್ಲಿಸಿದರೂ ಅದು ನಿಲ್ಲದು, ನಿಮ್ಮ ಕಾಲನ್ನೇ ಎಳೆದುಕೊಂಡು ಹೋಗುತ್ತದೆ. ನಿಲ್ಲಿಸಬೇಕಾದರೆ ಎದುರಿನ ಗುಂಡಿಯನ್ನು ಒತ್ತಬೇಕು. ಅದೇ ಗುಂಡಿಯನ್ನು ತಿರುಗಿಸಿದರೆ ಬಿಗಿ ಹೆಚ್ಚುತ್ತದೆ, ದಿಬ್ಬ ಹತ್ತಿದ ಹಾಗೆ. ಅಂತರಗಂಗೆ ಬೆಟ್ಟದ ಏರು ಬೇಕೆಂದರೂ ಎರಡು ಸುತ್ತು ತಿರುಗಿಸಿದರೆ ಸಿಕ್ಕಿಬಿಡುತ್ತದೆ.

ಮೊದಲ ದಿನ ಮನೆಗೆ ಬಂದು ಕಾಲು ಚಾಚಿ ಕೂತಾಗ ನನಗೆ ನೆನಪಾದದ್ದು ನಮ್ಮಜ್ಜಿಯ ರಾಗಿಕಲ್ಲು. ಊರಿಗೆ ಮಿಷಿನ್ನು ಬರುವ ಮೊದಲು ಬೆಳಗಿನ ಜಾವ ಇಬ್ಬರು ಹೆಂಗಸರು ಎದುರುಬದುರು ಕೂತು, ಒಂದೇ ಗೂಟ ಹಿಡಿದು ಬೀಸುತ್ತಿದ್ದರು. ಭಾರದ ಕಲ್ಲು, ಸುತ್ತುವ ಕೈ, ಜೊತೆಗೊಬ್ಬಳು, ಬಾಯಲ್ಲಿ ಹಾಡು. ನಮ್ಮ ಕಡೆ ಅರ್ಧ ಕನ್ನಡ, ಅರ್ಧ ತೆಲುಗು. ಹಾಡು ನಿಂತರೆ ಕಲ್ಲು ಭಾರವಾಗುತ್ತಿತ್ತಂತೆ. ಒಬ್ಬಳ ದನಿ ಸೋತರೆ ಇನ್ನೊಬ್ಬಳು ಎತ್ತಿಕೊಳ್ಳುತ್ತಿದ್ದಳು. ಮಹಡಿಯ ಮೇಲಿನ ಆ ಕೋಣೆಯಲ್ಲಿ ನಡೆಯುತ್ತಿದ್ದದ್ದು ಬಹುಮಟ್ಟಿಗೆ ಅದೇ. ರಾಗಿ ಮಾತ್ರ ಇರಲಿಲ್ಲ.

ಹಾಡು ಮತ್ತು ಜೊತೆ, ಈ ಎರಡರ ಬಲವನ್ನು ಓದಿದವರೂ ಅಳೆದು ನೋಡಿದ್ದಾರೆ. ಅಮೆರಿಕದ ನಾರ್ಮನ್ ಟ್ರಿಪ್ಲೆಟ್ ಎಂಬ ವಿದ್ವಾಂಸರು, ಸೈಕಲ್ ಸವಾರರು ಒಬ್ಬರೇ ಹೋಗುವುದಕ್ಕಿಂತ ಜೊತೆಯಲ್ಲಿ ಬೇಗ ಹೋಗುವುದನ್ನು ಗಮನಿಸಿ, 1898ರಲ್ಲಿ ಅದರ ಬಗ್ಗೆ ಬರೆದರು. ಕಾರಣ ಹುಡುಕಲು ಅವರು ಮಕ್ಕಳ ಕೈಗೆ ಮೀನಿನ ಗಾಳದ ದಾರ ಸುತ್ತುವ ರಾಟೆ ಕೊಟ್ಟರು. ಒಮ್ಮೆ ಒಬ್ಬರೇ ಸುತ್ತಬೇಕು, ಒಮ್ಮೆ ಇನ್ನೊಬ್ಬರ ಪಕ್ಕದಲ್ಲಿ. 40 ಮಕ್ಕಳಲ್ಲಿ 20 ಮಕ್ಕಳು ಜೊತೆಯಿದ್ದಾಗ ಬೇಗ ಸುತ್ತಿದರು. 10 ಮಕ್ಕಳಿಗೆ ಏನೂ ವ್ಯತ್ಯಾಸವಾಗಲಿಲ್ಲ. ಉಳಿದ 10 ಮಕ್ಕಳು ಗೆಲ್ಲುವ ಆತುರಕ್ಕೆ ಗಡಿಬಿಡಿಯಾಗಿ ಇನ್ನೂ ಹಿಂದೆ ಬಿದ್ದರು. ಈ ಕೊನೆಯ ಹತ್ತು ಮಕ್ಕಳನ್ನು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

1911ರಲ್ಲಿ ಲೆನಾರ್ಡ್ ಏರ್ಸ್ ಎಂಬುವರು ನ್ಯೂಯಾರ್ಕಿನಲ್ಲಿ ನಡೆಯುತ್ತಿದ್ದ ಆರು ದಿನಗಳ ಸೈಕಲ್ ಪಂದ್ಯದ ಬಗ್ಗೆ ಬರೆದರು. ಅಲ್ಲಿ ಆಗಾಗ ಬ್ಯಾಂಡ್ ನುಡಿಸುತ್ತಿದ್ದರು. ಬ್ಯಾಂಡ್ ಇದ್ದಾಗ ಸವಾರರ ವೇಗ ಗಂಟೆಗೆ ಸರಾಸರಿ 31.5 ಕಿಲೋಮೀಟರ್, ಇಲ್ಲದಾಗ ಸುಮಾರು 28.8. 2012ರಲ್ಲಿ ಬ್ರಿಟನ್ನಿನ ಸಂಶೋಧಕರು ಇನ್ನೊಂದು ಸಣ್ಣ ಪ್ರಯೋಗ ಪ್ರಕಟಿಸಿದರು. ಕಾಲಿನ ಲಯಕ್ಕೆ ಸರಿಯಾಗಿ ತಾಳ ಕೂಡಿದಾಗ, ತಾಳ ಸ್ವಲ್ಪ ನಿಧಾನವಿದ್ದಾಗಿಗಿಂತ ಅಷ್ಟೇ ಕೆಲಸಕ್ಕೆ ದೇಹ ಸುಮಾರು ಶೇ 7ರಷ್ಟು ಕಡಿಮೆ ಆಮ್ಲಜನಕ ಬಳಸಿತಂತೆ. ಹಾಡು ನಮ್ಮ ಗಮನವನ್ನು ದಣಿವಿನಿಂದ ಬೇರೆಡೆ ಸೆಳೆಯುತ್ತದೆ, ತಾಳ ಕಾಲಿನ ಅನಗತ್ಯ ಎಳೆದಾಟವನ್ನು ತಪ್ಪಿಸುತ್ತದೆ.

ಇದನ್ನೆಲ್ಲ ನಮ್ಮ ಕ್ಲಾಸಿನ ಹುಡುಗ ಓದಿಲ್ಲ, ಆದರೆ ಬಲ್ಲ. ಅವನ ತಂದೆ ಜಾತ್ರೆಗಳಲ್ಲಿ ತಮಟೆ ಬಾರಿಸುವವರು. "ಟೀಚರಮ್ಮಾ, ತಮಟೆ ಏಟಿಗೆ ಹೆಜ್ಜೆ ತಾನೇ ಬೀಳುತ್ತೆ, ನಾವು ಹಾಕಬೇಕಾಗಿಲ್ಲ. ಇಲ್ಲೂ ಅಷ್ಟೇ" ಎಂದ. ಮೊದಲು ಕೋಲಾರ ಜಿಲ್ಲೆಗೇ ಸೇರಿದ್ದ ಪಿಂಡಿಪಾಪನಹಳ್ಳಿಯ ಮುನಿವೆಂಕಟಪ್ಪನವರಿಗೆ ತಮಟೆ ಕಲೆಗಾಗಿ 2023ರಲ್ಲಿ ಪದ್ಮಶ್ರೀ ಬಂದಾಗ, ಅವನ ತಂದೆ ಊರಿಗೆಲ್ಲ ಸಿಹಿ ಹಂಚಿದರಂತೆ.

ಹಾಡು ಆರಿಸುವ ಲೆಕ್ಕವನ್ನೂ ಅವನೇ ಹೇಳಿಕೊಟ್ಟ. ಗಡಿಯಾರ ನೋಡುತ್ತ 15 ಸೆಕೆಂಡಿನಲ್ಲಿ ಹಾಡಿನ ಏಟು ಎಷ್ಟೆಂದು ಎಣಿಸಿ, ನಾಲ್ಕರಿಂದ ಗುಣಿಸಬೇಕು. 32 ಏಟಾದರೆ ನಿಮಿಷಕ್ಕೆ 128. ಒಂದೊಂದು ಏಟಿಗೆ ಒಂದೊಂದು ಕಾಲು ಕೆಳಗೆ ಬಂದರೆ, ಪೆಡಲು ನಿಮಿಷಕ್ಕೆ 64 ಸುತ್ತು. ಈ ಕ್ಲಾಸುಗಳಲ್ಲಿ ಸಾಮಾನ್ಯವಾಗಿ 60ರಿಂದ 110 ಸುತ್ತಿನವರೆಗೆ ತುಳಿಸುತ್ತಾರೆ. ನನಗೆ 60-70 ಸಾಕು. ಮೊಮ್ಮಗಳು ಕ್ಲಾಸಿಗೆ ಬಂದು ಬೆಂಚಿನ ಮೇಲೆ ಕೂತು ಏಟು ಎಣಿಸುವ ಕೆಲಸ ಹಿಡಿದಳು. ಅವಳ ಕಾಲು ಪೆಡಲಿಗೆ ಎಟುಕದು. ಆ ಸೈಕಲ್ಲು ದೊಡ್ಡವರ ಅಳತೆಯದು, ಎಟುಕದ ಮಕ್ಕಳು ಹತ್ತಲೇಬಾರದು. ನಾಲ್ಕರ ಮಗ್ಗಿ ಬಾರದೆ ಅಳುತ್ತಿದ್ದ ಹುಡುಗಿ ಹತ್ತು ದಿನದಲ್ಲಿ 4 ಇಂಟು 37 ಎಷ್ಟೆಂದು ಬಾಯಲ್ಲೇ ಹೇಳತೊಡಗಿದಳು.

ಇಷ್ಟು ಹೊತ್ತು ಸಂತೋಷದ ಮಾತಾಯಿತು. ಈ ವಾರ ಇದನ್ನು ಬರೆಯಲು ಕೂತ ಕಾರಣ ಬೇರೆಯೇ ಇದೆ.

ನನ್ನ ಸೈಕಲ್ ಪ್ರತಾಪವನ್ನು ಅಕ್ಕನಿಗೆ ಫೋನಿನಲ್ಲಿ ಬಣ್ಣಿಸಿದ್ದೆ. ಮಾಲೂರಿನಲ್ಲಿರುವ ಅಕ್ಕನ ಮಗ ಕೇಳಿಸಿಕೊಂಡ. ಇಪ್ಪತ್ತನಾಲ್ಕರ ಗಟ್ಟಿ ಹುಡುಗ. "ಚಿಕ್ಕಮ್ಮನೇ ತುಳೀತಾರಂದ್ರೆ ನಾನು ತುಳಿಯಲ್ವಾ" ಎಂದು, ಕೆಲಸದ ಜಾಗದ ಗೆಳೆಯರ ಜೊತೆ ಬೇರೆ ಊರಿನ ಒಂದು ಜಿಮ್ಮಿಗೆ ಹೋದ. ಮೊದಲ ದಿನ. ಕಿವಿಗಡಚಿಕ್ಕುವ ಹಾಡು, ಪಕ್ಕದಲ್ಲಿ ಆರು ತಿಂಗಳಿಂದ ತುಳಿಯುತ್ತಿದ್ದ ಗೆಳೆಯ. ಅವನು ಗುಂಡಿ ಬಿಗಿ ಮಾಡಿದಷ್ಟು ಇವನೂ ಮಾಡಿದ. ಅವನು ಎದ್ದು ನಿಂತು ತುಳಿದರೆ ಇವನೂ ಎದ್ದು ನಿಂತ. ಐವತ್ತು ನಿಮಿಷ ಬಿಡಲಿಲ್ಲ. ಇಳಿಯುವಾಗ ಕಾಲು ನಡುಗಿತು, ನಕ್ಕು ಸುಮ್ಮನಾದ.

ಮಾರನೆಯ ದಿನ ತೊಡೆ ಊದಿತು. ಅದರ ಮಾರನೆಯ ದಿನ ಕೂತರೆ ಏಳಲಾಗಲಿಲ್ಲ. ಮೂತ್ರ ಕಡು ಕಷಾಯದ ಬಣ್ಣಕ್ಕೆ ತಿರುಗಿತು. ಅಕ್ಕ "ಉಷ್ಣ ಆಗಿದೆ, ಎಳನೀರು ಕುಡಿ" ಎಂದಳು. ಪುಣ್ಯಕ್ಕೆ ಸೊಸೆ ಆ ಹೊತ್ತಿಗೆ ಫೋನಿನಲ್ಲಿದ್ದಳು. "ಅತ್ತೆ, ಇದು ಉಷ್ಣ ಅಲ್ಲ, ಈಗಲೇ ಆಸ್ಪತ್ರೆಗೆ ಕರ್ಕೊಂಡು ಹೋಗೋಕೆ ಹೇಳಿ" ಎಂದಳು. ನಾಲ್ಕು ದಿನ ಆಸ್ಪತ್ರೆಯಲ್ಲಿ ಡ್ರಿಪ್ ಹಾಕಿದರು. ಆ ನಾಲ್ಕು ರಾತ್ರಿ ಅಕ್ಕ ನನ್ನ ಜೊತೆ ಸರಿಯಾಗಿ ಮಾತಾಡಲಿಲ್ಲ. ಬೈದಿದ್ದರೂ ವಾಸಿಯಿತ್ತು.

ಆಗಿದ್ದೇನೆಂದು ಡಾಕ್ಟರು ವಿವರಿಸಿದರು. ಅಭ್ಯಾಸವಿಲ್ಲದ ಸ್ನಾಯುವನ್ನು ಒಮ್ಮೆಲೇ ಅತಿಯಾಗಿ ದುಡಿಸಿದರೆ ಅದರ ಎಳೆಗಳು ಒಡೆಯುತ್ತವೆ. ಅದರೊಳಗಿನ ವಸ್ತು ರಕ್ತಕ್ಕೆ ಸೇರಿ, ಸೋಸುವ ಮೂತ್ರಪಿಂಡಕ್ಕೆ ಪೆಟ್ಟು ಕೊಡುತ್ತದೆ. ರಾಬ್ಡೊಮಯೊಲಿಸಿಸ್ ಎಂದು ಅದರ ಹೆಸರು. 2017ರಲ್ಲಿ ಅಮೆರಿಕದ ವೈದ್ಯಕೀಯ ಪತ್ರಿಕೆಯೊಂದರಲ್ಲಿ ಡಾಕ್ಟರುಗಳು ಈ ಸೈಕಲ್ ಕ್ಲಾಸಿನಿಂದಲೇ ಹೀಗಾದ 46 ಪ್ರಕರಣಗಳನ್ನು ಲೆಕ್ಕ ಹಾಕಿದ್ದರು. ಅದರಲ್ಲಿ 42 ಮಂದಿಗೆ ಅದು ಮೊದಲ ಕ್ಲಾಸು. ಲಕ್ಷಾಂತರ ಜನ ತುಳಿಯುವಾಗ ಇದು ಅಪರೂಪವೇ. ಆದರೆ ನಮ್ಮ ಮನೆಯ ಹುಡುಗನಿಗೆ ಆದಾಗ ಅಪರೂಪ ಎಂಬ ಮಾತಿನಿಂದ ಸಮಾಧಾನವಾಗುವುದಿಲ್ಲ.

ಯೋಚಿಸಿದೆ. ನನ್ನ ಮೊಣಕಾಲಿನ ನೋವನ್ನು ಮರೆಸಿದ ಹಾಡೇ ಅವನ ತೊಡೆಯ ಕೂಗನ್ನೂ ಮುಚ್ಚಿಹಾಕಿತು. ನನಗೆ ಧೈರ್ಯ ಕೊಟ್ಟ ಜೊತೆಯೇ ಅವನಿಗೆ ಪಂದ್ಯವಾಯಿತು. ಟ್ರಿಪ್ಲೆಟ್ ಕಂಡ ಆ ಕೊನೆಯ ಹತ್ತು ಮಕ್ಕಳಲ್ಲಿ ನಮ್ಮ ಹುಡುಗನೂ ಒಬ್ಬ. ನೋವು ಶತ್ರುವಲ್ಲ, ಅದು ದೇಹದ ಕಾವಲುಗಾರ. ಕಾವಲುಗಾರನಿಗೆ ಹಾಡು ಕೇಳಿಸಿ ಮಲಗಿಸಿದ ಮೇಲೆ, ಮನೆಯ ಕಡೆ ನಾವೇ ಕಣ್ಣಿಟ್ಟಿರಬೇಕು.

ನಮ್ಮಜ್ಜಿಗೆ ಇದು ಗೊತ್ತಿತ್ತು. ಹೊಸದಾಗಿ ಬಂದ ಸೊಸೆಯನ್ನು ರಾಗಿಕಲ್ಲಿಗೆ ಕೂರಿಸಿದರೆ ಮೊದಲ ದಿನ ಒಂದೇ ಸೇರು. "ಇನ್ನೂ ಬೀಸ್ತೀನತ್ತೆ" ಎಂದು ಅವಳು ಹಟ ಹಿಡಿದರೂ ಬಿಡುತ್ತಿರಲಿಲ್ಲವಂತೆ. "ಹಾಡಿನ ಗುಂಗಲ್ಲಿ ಇವತ್ತು ಬೀಸ್ತೀಯ, ನಾಳೆ ಕೈ ಎತ್ತೋರು ಯಾರು?" ಎನ್ನುತ್ತಿದ್ದಳಂತೆ. ಎರಡು ವಾರ ಕಳೆದ ಮೇಲೆಯೇ ಎರಡನೇ ಸೇರು.

ಇದನ್ನು ಕ್ಲಾಸಿನ ಹುಡುಗನಿಗೆ ಹೇಳಿದೆ. ಅವನು ಮಾತು ತೆಗೆದುಹಾಕಲಿಲ್ಲ. ಈಗ ಹೊಸಬರು ಬಂದರೆ ಹದಿನೈದು-ಇಪ್ಪತ್ತು ನಿಮಿಷಕ್ಕೆ ತಾನೇ ಇಳಿಸುತ್ತಾನೆ. ಅದಕ್ಕೆ ಅವನಿಟ್ಟ ಹೆಸರು 'ಒಂದು ಸೇರು'. ಹಾಡಿನ ಸದ್ದನ್ನೂ ಇಳಿಸಿದ. ಒಂದು ಕೈಯಳತೆ ದೂರದವರ ಜೊತೆ ಕೂಗಿ ಮಾತಾಡಬೇಕಾದರೆ ಸದ್ದು ಹೆಚ್ಚಾಯಿತೆಂದೇ ಅರ್ಥ. 100 ಡೆಸಿಬೆಲ್ ಸದ್ದನ್ನು ದಿನಕ್ಕೆ 15 ನಿಮಿಷಕ್ಕಿಂತ ಹೆಚ್ಚು ಕೇಳಬಾರದು ಎನ್ನುತ್ತದೆ ಅಮೆರಿಕದ ಕೆಲಸಗಾರರ ಆರೋಗ್ಯ ಸಂಸ್ಥೆಯೊಂದರ ಲೆಕ್ಕ.

ನಿಮ್ಮ ಮನೆಯಲ್ಲಿ ಯಾರಾದರೂ ಇಂಥ ಕ್ಲಾಸಿಗೆ ಹೊರಟಿದ್ದರೆ, ನಾವು ಕಲಿತ ನಾಲ್ಕು ಮಾತು ಹೇಳಿ ಕಳಿಸಿ. ಸೈಕಲ್ಲಿನ ಪಕ್ಕ ನಿಂತಾಗ ಸೀಟು ಸೊಂಟದ ಮೂಳೆಯ ಮಟ್ಟಕ್ಕಿರಲಿ. ಪೆಡಲು ಕೆಳಗಿದ್ದಾಗ ಮೊಣಕಾಲು ಸ್ವಲ್ಪವೇ ಬಾಗಿರಬೇಕು. ಸೀಟು ತೀರ ತಗ್ಗಿದ್ದರೆ ಮೊಣಕಾಲಿನ ಮುಂಭಾಗ ನೋಯುತ್ತದೆ. ತುಳಿಯುತ್ತ ಪಕ್ಕದವರ ಜೊತೆ ಒಂದು ಪೂರ್ತಿ ವಾಕ್ಯ ಆಡಲಾಗದಿದ್ದರೆ ಗುಂಡಿ ಸಡಿಲಿಸಿ. ನೀರು ಕುಡಿಯುತ್ತಿರಿ. ಸಕ್ಕರೆ ಕಾಯಿಲೆಗೆ ಮಾತ್ರೆ, ಇನ್ಸುಲಿನ್ ತೆಗೆದುಕೊಳ್ಳುವವರು ಡಾಕ್ಟರನ್ನು ಕೇಳಿಯೇ ಹೋಗಿ. ಜೇಬಿನಲ್ಲಿ ಎರಡು ಚಮಚ ಸಕ್ಕರೆಯೋ ಗ್ಲೂಕೋಸೋ ಇರಲಿ. ಎದೆ ಹಿಡಿದ ಹಾಗಾದರೆ, ತಲೆ ತಿರುಗಿದರೆ ಆಗಲೇ ನಿಲ್ಲಿಸಿ. ಮೂತ್ರದ ಬಣ್ಣ ಕಪ್ಪಗಾದರೆ ಕಷಾಯ, ಎಳನೀರು ಎನ್ನುತ್ತ ಕಾಯಬೇಡಿ, ನೇರ ಆಸ್ಪತ್ರೆಗೆ ಹೋಗಿ.

ಜಿಮ್ಮೇ ಬೇಕೆಂದೇನೂ ಇಲ್ಲ. ದೊಡ್ಡವರು ವಾರಕ್ಕೆ ಕನಿಷ್ಠ 150 ನಿಮಿಷ, ಮಕ್ಕಳು ದಿನಕ್ಕೆ ಸರಾಸರಿ 60 ನಿಮಿಷ ಮೈ ಬೆಚ್ಚಗಾಗುವಂತೆ ಆಡಬೇಕು ಎಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ. ಅಂಗಳದಲ್ಲಿ ಕುಂಟೆಬಿಲ್ಲೆಯಾದರೂ ಸರಿ, ಹಾಡು ಹಾಕಿಕೊಂಡು ಕುಣಿದರೂ ಸರಿ.

ಈ ಭಾನುವಾರ ಮನೆಯವರೆಲ್ಲ ಸೇರಿ ಒಂದು ಆಟವಾಡಿ. ಅಜ್ಜಿಗೊಂದು, ಅಪ್ಪನಿಗೊಂದು, ನಿಮಗೊಂದು ಇಷ್ಟದ ಹಾಡು ಆರಿಸಿ. ಮಕ್ಕಳು 15 ಸೆಕೆಂಡು ಏಟು ಎಣಿಸಿ ನಾಲ್ಕರಿಂದ ಗುಣಿಸಲಿ. ಆಮೇಲೆ ಆ ಹಾಡಿಗೆ ಎಲ್ಲರೂ ನಿಂತಲ್ಲೇ ಹೆಜ್ಜೆ ಹಾಕಿ. ಯಾವ ಹಾಡಿಗೆ ಮಾತಾಡುತ್ತ ಹೆಜ್ಜೆ ಹಾಕಬಹುದು, ಯಾವುದಕ್ಕೆ ಏದುಸಿರು ಬರುತ್ತದೆ, ಬರೆದಿಡಿ. ಅಜ್ಜಿಯ ಹಾಡು ಎಷ್ಟು ನಿಧಾನ ಎಂದು ನಗುವ ಮೊದಲು, ಅದಕ್ಕೆ ಅವರು ಎಷ್ಟು ಹೊತ್ತು ನಿಲ್ಲಬಲ್ಲರು ನೋಡಿ.

ಅಕ್ಕನ ಮಗ ಈಗ ಆರಾಮಾಗಿದ್ದಾನೆ. ಕಳೆದ ವಾರ ಅಕ್ಕನನ್ನೂ ಕರೆದುಕೊಂಡು ಕೋಲಾರಕ್ಕೆ ಬಂದಿದ್ದ. ಡಾಕ್ಟರು ಒಪ್ಪಿದ ಮೇಲೆ ನನ್ನ ಪಕ್ಕದ ಸೈಕಲ್ಲಿನಲ್ಲಿ ಗುಂಡಿ ಪೂರ್ತಿ ಸಡಿಲ ಮಾಡಿ, ನಿಧಾನದ ಎರಡು ಹಾಡು ತುಳಿದು ಇಳಿದ. ಇನ್ನೊಂದು ಹಾಡು ಎಂದು ಕೇಳಲಿಲ್ಲ. ಅಕ್ಕ ಬೆಂಚಿನ ಮೇಲೆ ಮೊಮ್ಮಗಳ ಪಕ್ಕ ಕೂತು ಅವನ ಮುಖವನ್ನೇ ನೋಡುತ್ತಿದ್ದಳು. ಅವನು ಇಳಿದ ಮೇಲೆ ನನ್ನ ಕಡೆ ತಿರುಗಿದಳು. ಎಷ್ಟೋ ದಿನದ ಮೇಲೆ ನೆಟ್ಟಗೆ ನನ್ನನ್ನು ನೋಡಿ, "ಏನೇ, ಎಲ್ಲಿವರೆಗೂ ಹೋದೆ?" ಎಂದಳು.

"ಮುಳಬಾಗಿಲು ಇನ್ನೂ ದೂರ ಇದೆ ಕಣಕ್ಕಾ. ನಿಧಾನಕ್ಕೆ ಹೋಗೋಣ" ಎಂದೆ.